ನಡುವಿನ ಗದ್ಯ ತೆಗೆದುಬಿಡು

ಪ್ರೀತಿಯ ತಮ್ಮ,

ನಿನ್ನ ಹಸ್ತಪ್ರತಿ ತಲುಪಿತು. ಹುಬ್ಬಳ್ಳಿಯಿಂದ ಬೆಂಗಳೂರಿಗೆ ಹೊರಟ ರಾತ್ರಿ ಬಸ್ಸು, ಅದರ ಕಂಡಕ್ಟರ್, ಒಂದೇ ರಾತ್ರಿ, 27 ಕವನ. ಓದಿ ಮುಗಿಸಿ ಮತ್ತೆ ಮೊದಲಿಂದ ಓದಿದೆ. ರಾಣೆಬೆನ್ನೂರಲ್ಲಿ ಇಳಿಯಬೇಕಿದ್ದ ಅಜ್ಜಿ ದಾವಣಗೆರೆಯಲ್ಲಿ ಕಣ್ಣು ಬಿಡುವ ಕವನ ನನಗೆ ತುಂಬಾ ಹಿಡಿಸಿತು. ಚಿಲ್ಲರೆ ಇಲ್ಲದೆ ಟಿಕೆಟ್ ಹಿಂದೆ ಬಾಕಿ ಬರೆದುಕೊಡುವ ಕವನವೂ ಅಷ್ಟೇ.

ಎರಡೆರಡು ಕವನಗಳ ನಡುವೆ ಅರ್ಧ ಪುಟ ಗದ್ಯ ಇಟ್ಟಿದ್ದೀಯ. ಕಂಡಕ್ಟರ್ ಹೆಂಡತಿ ಯಾಕೆ ತವರಿಗೆ ಹೋದಳು, ಅತ್ತೆ ಏನಂದಳು, ಇವನು ಯಾಕೆ ಕರೆಯೋಕೆ ಹೋಗಲಿಲ್ಲ, ಎಲ್ಲ ಅದರಲ್ಲಿದೆ. ‘ಇಷ್ಟು ಸಾಕಾ ಅಕ್ಕಾ, ಇನ್ನೂ ಸ್ವಲ್ಪ ಬೇಕಾ?’ ಅಂತ ಕೇಳಿದ್ದೀಯ. ಒಂದೂ ಬೇಡ, ಎಲ್ಲ ತೆಗೆದುಬಿಡು. ಸುಮ್ನೆ ಹೀಗೆ ಹೇಳಿದರೆ ನೀನು ಒಪ್ಪುವವನಲ್ಲ ಅಂತ ಗೊತ್ತು. ಅದಕ್ಕೇ ಈ ಉದ್ದ ಪತ್ರ.

ಫ್ರಾಂಟ್ಸ್ ಶೂಬರ್ಟ್ ಅನ್ನುವ ಸಂಗೀತಗಾರ 1827ರಲ್ಲಿ ವಿಯೆನ್ನಾದಲ್ಲಿ ಒಂದು ಹಾಡಿನ ಸರಣಿ ಮಾಡಿದ. ಹೆಸರು ‘ವಿಂಟರ್‌ರೈಸೆ’, ಅಂದರೆ ಚಳಿಗಾಲದ ಪಯಣ. ಒಬ್ಬ ಹಾಡುಗಾರ, ಒಂದು ಪಿಯಾನೊ, 24 ಹಾಡು, ಹೆಚ್ಚುಕಮ್ಮಿ ಒಂದೂಕಾಲು ಗಂಟೆ. ಕವನಗಳು ವಿಲ್ಹೆಲ್ಮ್ ಮ್ಯೂಲರ್‌ನವು. ಕವಿಯೂ ಸಂಗೀತಗಾರನೂ ಒಮ್ಮೆಯೂ ಭೇಟಿಯಾದವರಲ್ಲ. ಮ್ಯೂಲರ್ 1815ರಲ್ಲೇ ತನ್ನ ದಿನಚರಿಯಲ್ಲಿ ಒಂದು ಆಸೆ ಬರೆದಿಟ್ಟಿದ್ದ. ನನಗೆ ಹಾಡೋಕೂ ಬರಲ್ಲ, ನುಡಿಸೋಕೂ ಬರಲ್ಲ, ಆದರೆ ನನ್ನ ಪದಗಳ ಒಳಗಿರುವ ರಾಗ ಕೇಳಿಸಿಕೊಂಡು ಅದನ್ನು ನನಗೇ ಮರಳಿ ಕೊಡುವ ಮನಸ್ಸೊಂದು ಎಲ್ಲೋ ಇರಬಹುದು ಅನ್ನುವ ಅರ್ಥದ ಮಾತು. ಆ ಮನಸ್ಸು ವಿಯೆನ್ನಾದಲ್ಲಿತ್ತು. 1827ರ ಸೆಪ್ಟೆಂಬರ್ ಕೊನೆಗೆ ಮ್ಯೂಲರ್ ತೀರಿಕೊಂಡ. ಅವನಿಗೆ ಇನ್ನೂ 33 ತುಂಬಿರಲಿಲ್ಲ. ಅಕ್ಟೋಬರ್‌ನಲ್ಲಿ ಶೂಬರ್ಟ್ ಸರಣಿಯ ಎರಡನೇ ಅರ್ಧದ ಕೆಲಸದಲ್ಲಿದ್ದ.

ಈಗ ಕಥೆಗೆ ಬರುತ್ತೇನೆ, ನಿನ್ನ ಚಿಂತೆ ಅದೇ ಅಲ್ವಾ. ಮೊದಲ ಹಾಡಲ್ಲಿ ಒಬ್ಬ ಯುವಕ ರಾತ್ರಿ ಹೊತ್ತು ಒಂದು ಮನೆ ಬಿಟ್ಟು ಹೊರಡುತ್ತಾನೆ. ಪರದೇಶಿಯಾಗಿ ಬಂದೆ, ಪರದೇಶಿಯಾಗೇ ಹೊರಟೆ ಅನ್ನುತ್ತಾನೆ. ಹುಡುಗಿ ಪ್ರೀತಿಯ ಮಾತಾಡಿದಳು, ಅವಳ ತಾಯಿ ಮದುವೆಯ ಮಾತೂ ಎತ್ತಿದಳು. ಈಗ ದಾರಿ ತುಂಬ ಹಿಮ. ಎರಡನೇ ಹಾಡಿನ ಕೊನೆಗೆ ಒಂದು ಸಾಲು ಬರುತ್ತದೆ: ನನ್ನ ನೋವು ಅವರಿಗೇನು, ಅವರ ಮಗಳು ಶ್ರೀಮಂತ ಮದುವಣಗಿತ್ತಿ. ಕಥೆ ಇಷ್ಟೇ. ಹುಡುಗನ ಹೆಸರಿಲ್ಲ, ಊರಿನ ಹೆಸರಿಲ್ಲ, ಅವನ ಕೆಲಸ ಏನು ಅಂತಲೂ ಇಲ್ಲ. ಓಡಿಸಿದರಾ, ತಾನೇ ಹೊರಟನಾ, ಅದೂ ಗೊತ್ತಾಗಲ್ಲ. ಉಳಿದ 22 ಹಾಡಲ್ಲಿ ಇದಕ್ಕೆ ಒಂದು ಹೊಸ ಸಂಗತಿಯೂ ಸೇರುವುದಿಲ್ಲ. ಅವನು ನಡೆಯುತ್ತಾ ಹೋಗುತ್ತಾನೆ ಅಷ್ಟೇ. ಕಣ್ಣೀರು ಹೆಪ್ಪುಗಟ್ಟುತ್ತದೆ. ಒಂದು ಕಾಗೆ ಊರಿಂದಲೇ ಬೆನ್ನು ಹತ್ತಿ ಬರುತ್ತದೆ. ಕಿಟಕಿ ಗಾಜಿನ ಮೇಲೆ ಮಂಜು ಎಲೆಯಂತೆ ಕಟ್ಟಿರುತ್ತದೆ, ಇದನ್ನು ಬಿಡಿಸಿದ್ದು ಯಾರು ಅಂತ ಕೇಳುತ್ತಾನೆ. ಸ್ಮಶಾನವನ್ನು ಛತ್ರ ಅಂದುಕೊಂಡು ಒಳಗೆ ಹೋಗಿ, ಕೋಣೆಗಳೆಲ್ಲ ಭರ್ತಿಯಾಗಿವೆಯಾ ಅನ್ನುತ್ತಾನೆ. ಎರಡು ಸಾಲಿನ ಕಥೆ ಇಟ್ಟುಕೊಂಡು ಶೂಬರ್ಟ್ ಒಂದೂಕಾಲು ಗಂಟೆ ನಮ್ಮನ್ನು ಕೂರಿಸುತ್ತಾನಲ್ಲ, ಅದು ಹೇಗೆ ಅಂತ ನೀನು ನೋಡಬೇಕು.

ಮೊದಲ ಹಾಡನ್ನೇ ತಗೋ. ಪಿಯಾನೊ ಒಂದೇ ಸಮನೆ ನಡಿಗೆಯ ಲಯದಲ್ಲಿ ಹೋಗುತ್ತದೆ. ವೇಗವೂ ಇಲ್ಲ, ನಿಲ್ಲುವುದೂ ಇಲ್ಲ. ಡಿ ಮೈನರ್‌ನಲ್ಲಿ ಅಂದರೆ ದುಗುಡದ ಛಾಯೆಯ ಒಂದು ಸ್ವರಶ್ರೇಣಿಯಲ್ಲಿ, ಮೂರು ಚರಣ ಮುಗಿಯುತ್ತವೆ. ನಾಲ್ಕನೆಯದರಲ್ಲಿ ಅವನು ಹುಡುಗಿಯ ಬಾಗಿಲ ಬಳಿ ಇದ್ದಾನೆ. ನಿನ್ನ ಕನಸು ಕೆಡಿಸಲ್ಲ, ಹೆಜ್ಜೆ ಸಪ್ಪಳ ಕೇಳದ ಹಾಗೆ ಹೋಗುತ್ತೇನೆ, ಬಾಗಿಲು ಮೆಲ್ಲಗೆ ಮುಚ್ಚುತ್ತೇನೆ ಅನ್ನುತ್ತಾನೆ. ಅಲ್ಲಿ ಹಾಡು ಬೆಳಕಿನ ಛಾಯೆಯ ಮೇಜರ್‌ಗೆ ತಿರುಗುತ್ತದೆ. ನಮ್ಮ ಲೆಕ್ಕದಲ್ಲಿ ಹೇಳಬೇಕಂದರೆ ಸಾಧಾರಣ ಗಾಂಧಾರ ಇದ್ದ ಜಾಗಕ್ಕೆ ಅದಕ್ಕಿಂತ ಒಂದೇ ಮೆಟ್ಟಿಲು ಮೇಲಿನ ಅಂತರ ಗಾಂಧಾರ ಬರುತ್ತದೆ. ಬದಲಾಗುವುದು ಅಷ್ಟು ಸಣ್ಣದು. ಹೆಜ್ಜೆ ಅದೇ, ಧಾಟಿಯೂ ಹೆಚ್ಚುಕಮ್ಮಿ ಅದೇ. ಆದರೆ ಕೇಳುವವರ ಎದೆ ಒಮ್ಮೆ ಹಿಡಿದ ಹಾಗಾಗುತ್ತದೆ. ಅವನು ಅವಳನ್ನು ಎಷ್ಟು ಪ್ರೀತಿಸಿದ್ದ ಅಂತ ಕವಿ ಎಲ್ಲೂ ಹೇಳಿಲ್ಲ, ಹೇಳಬೇಕಾಗಿಯೂ ಇಲ್ಲ. ಕೊನೆಯ ಸಾಲು ಎರಡನೇ ಸಲ ಬರುವಾಗ ಮತ್ತೆ ಮೈನರ್. ಅಲ್ಲಿಗೆ ಮೊದಲ ಹಾಡು ಮುಗಿಯಿತು.

ನಿನ್ನ ಮೂರನೇ ಗದ್ಯದ ತುಣುಕಿನಲ್ಲಿ ‘ಅವನು ಅವಳನ್ನು ಇನ್ನೂ ಮರೆತಿರಲಿಲ್ಲ’ ಅಂತ ಬರೆದಿದ್ದೀಯ. ಆದರೆ ಹಿಂದಿನ ಕವನದಲ್ಲಿ ಅವನು ಖಾಲಿ ಸೀಟಿನ ಕಿಟಕಿ ಎಳೆದು ಮುಚ್ಚುತ್ತಾನೆ, ಆಮೇಲೆ ಸ್ವಲ್ಪ ತೆರೆದಿಡುತ್ತಾನೆ. ಅವಳಿಗೆ ಬಸ್ಸಲ್ಲಿ ಗಾಳಿ ಬೇಕಿತ್ತು ಅಂತ ನಮಗೆ ಮೊದಲ ಕವನದಲ್ಲೇ ಗೊತ್ತಾಗಿದೆ. ನೀನು ಕೆಲಸ ಮುಗಿಸಿಬಿಟ್ಟಿದ್ದೀಯಪ್ಪ. ಅದರ ಮೇಲೆ ವಿವರಣೆ ಬಂದಾಗ ನಾನು ಕಂಡುಕೊಂಡದ್ದನ್ನು ನೀನು ಕಿತ್ತುಕೊಂಡ ಹಾಗಾಯಿತು.

ಸಂಗೀತಗಾರ ಬೀಥೋವನ್ ತನ್ನ ಹಾಡುಗಳನ್ನು ಒಂದಕ್ಕೊಂದು ಜೋಡಿಸಿಲ್ಲವಾ ಅಂತ ನೀನು ಕೇಳಬಹುದು. ಹೌದು, ಜೋಡಿಸಿದ್ದಾನೆ. 1816ರಲ್ಲಿ, ದೂರದ ಪ್ರಿಯತಮೆಗೆ ಅಂತ ಅವನು ಮಾಡಿದ ಸರಣಿಯಲ್ಲಿ ಆರು ಹಾಡು. ಒಂದು ಮುಗಿಯುವಾಗಲೇ ಪಿಯಾನೊ ಮುಂದಿನದಕ್ಕೆ ದಾಟಿಸುತ್ತದೆ, ಮಧ್ಯೆ ನಿಲುಗಡೆ ಇಲ್ಲ. ಕೊನೆಗೆ ಮೊದಲ ಹಾಡಿನ ಧಾಟಿ ಮರಳಿ ಬರುತ್ತದೆ. ಅದೂ ಬಹಳ ಚಂದದ ಕೆಲಸ. ಆದರೆ ಅಲ್ಲಿ ಜೋಡಿಸುವುದು ನಾದ. ಯಾರೂ ಎದ್ದು ನಿಂತು ಕಥೆ ಹೇಳುವುದಿಲ್ಲ. ನಿನಗೆ ಜೋಡಣೆ ಬೇಕೇಬೇಕು ಅನ್ನಿಸಿದರೆ ಕವನದ ಒಳಗಿನ ಸದ್ದಿಂದ ಮಾಡು. ಟಿಕೆಟ್ ಮಷಿನ್ನಿನ ಕಿರ್ ಕಿರ್ ನಿನ್ನ ಏಳೆಂಟು ಕವನದಲ್ಲಿ ಆಗಲೇ ಇದೆ. ಅದನ್ನೇ ಹದವಾಗಿ ಹಂಚು.

ಈ ಪಿಯಾನೊದ ವಿಷಯ ಇನ್ನೂ ಸ್ವಲ್ಪ ಹೇಳಬೇಕು. ನಮ್ಮ ಸುಗಮ ಸಂಗೀತದಲ್ಲಿ ಹಾರ್ಮೋನಿಯಂ ಸಾಮಾನ್ಯವಾಗಿ ಹಾಡುಗಾರರ ಜೊತೆಗೇ ಹೋಗುತ್ತದೆ, ಸಾಲು ಮುಗಿದ ಕಡೆ ಜಾಗ ತುಂಬುತ್ತದೆ. ಶೂಬರ್ಟ್‌ನ ಪಿಯಾನೊಗೆ ತನ್ನದೇ ತಿಳಿವಳಿಕೆ ಇದೆ. ಐದನೇ ಹಾಡಲ್ಲಿ ಊರಬಾಗಿಲ ಬಾವಿಯ ಪಕ್ಕ ಒಂದು ಮರ. ಶುರುವಲ್ಲೇ ಪಿಯಾನೊ ಎಲೆಗಳ ಸದ್ದು ಮಾಡುತ್ತದೆ, ಕೇಳೋಕೆ ಹಿತವಾಗಿರುತ್ತದೆ. ಆಮೇಲೆ ಅದೇ ಸದ್ದು ಬಿರುಗಾಳಿಯಾಗುತ್ತದೆ. ಟೋಪಿ ಹಾರಿಹೋಯಿತು, ನಾನು ಹಿಂದಿರುಗಿ ನೋಡಲಿಲ್ಲ ಅಂತ ಅವನು ಹಾಡುತ್ತಾನೆ. ಮಾತು ನಂಬುವ ಹಾಗಿದೆ. ಆದರೆ ಗಾಳಿ ನಿಂತ ಮೇಲೆ ಪಿಯಾನೊದಲ್ಲಿ ಮತ್ತೆ ಅದೇ ಎಲೆಗಳ ಸದ್ದು. ದೇಹ ಎಷ್ಟೋ ದೂರ ಬಂದಿದೆ, ಕಿವಿ ಇನ್ನೂ ಅಲ್ಲೇ ಇದೆ. ನಿನ್ನ ಬಸ್ಸಿಗೂ ಹೀಗೊಂದು ತಿಳಿವಳಿಕೆ ಕೊಡು. ಈಗ ಎಲ್ಲ ಮಾತನ್ನೂ ಕಂಡಕ್ಟರ್ ಒಬ್ಬನೇ ಆಡುತ್ತಿದ್ದಾನೆ. ಅವನು ಒಂದು ಹೇಳಲಿ, ಗೇರು ಬದಲಾಗುವ ಸದ್ದು ಇನ್ನೊಂದು ಹೇಳಲಿ.

ಕವನಗಳ ಅನುಕ್ರಮದ ಬಗ್ಗೆ ನೀನು ಏನೂ ಕೇಳಿಲ್ಲ. ನನಗೆ ಜಾಸ್ತಿ ಕಾಳಜಿ ಅದರ ಬಗ್ಗೆಯೇ. ಊರುಗಳು ಬಂದ ಹಾಗೆ ಕವನ ಜೋಡಿಸಿದ್ದೀಯ: ಹಾವೇರಿ, ಹರಿಹರ, ಚಿತ್ರದುರ್ಗ, ಹಿರಿಯೂರು. ಅದು ರಸ್ತೆಯ ಕ್ರಮ, ಮನಸ್ಸಿನದಲ್ಲ. ಶೂಬರ್ಟ್‌ಗೆ ಮೊದಲು ಸಿಕ್ಕಿದ್ದು ಮ್ಯೂಲರ್‌ನ 12 ಕವನ ಮಾತ್ರ, 1823ರ ಒಂದು ವಾರ್ಷಿಕ ಸಂಚಿಕೆಯಲ್ಲಿ. ಅಷ್ಟೇ ಇರುವುದು ಅಂದುಕೊಂಡು ಸ್ವರ ಹಾಕಿ, ಹನ್ನೆರಡನೆಯದರ ಕೆಳಗೆ ‘ಮುಗಿಯಿತು’ ಅಂತಲೂ ಬರೆದ. ಆ ಹಸ್ತಪ್ರತಿಯಲ್ಲಿ ಹನ್ನೆರಡನೇ ಹಾಡು ಇದ್ದದ್ದು ಮೊದಲ ಹಾಡಿನ ಡಿ ಮೈನರ್‌ನಲ್ಲೇ. ಹೊರಟಲ್ಲಿಗೇ ಬಂದು ನಿಲ್ಲುವ ಹಾಗೆ. ಆಮೇಲೆ ಪೂರ್ತಿ 24 ಕವನದ ಪುಸ್ತಕ ಸಿಕ್ಕಿತು. ನೋಡಿದರೆ ಕವಿ ಹೊಸ ಕವನಗಳನ್ನು ಹಳೆಯವುಗಳ ನಡುವೆ ಸೇರಿಸಿ ಕ್ರಮವನ್ನೇ ಬದಲಿಸಿದ್ದ. ಶೂಬರ್ಟ್ ತನ್ನ ಹನ್ನೆರಡನ್ನು ಕದಲಿಸಲಿಲ್ಲ. ಉಳಿದವನ್ನು ಅವುಗಳಾದ ಮೇಲೆ ಇಟ್ಟ, ಅದರಲ್ಲೂ ಕೊನೆಯ ಹತ್ತಿರದ ಎರಡನ್ನು ಅದಲುಬದಲು ಮಾಡಿದ. ಅಚ್ಚಾದಾಗ ಹನ್ನೆರಡನೇ ಹಾಡು ಬೇರೆ ಶ್ರುತಿಗೆ, ಬಿ ಮೈನರ್‌ಗೆ ಬಂದಿತ್ತು.

ಇದರಿಂದ ಆದದ್ದೇನು ನೋಡು. ಟಪಾಲು ಗಾಡಿಯ ಕವನ ಮ್ಯೂಲರ್‌ನ ಪುಸ್ತಕದಲ್ಲಿ ಆರನೆಯದು, ಆ ಮರದ ಕವನದ ಹಿಂದೆಯೇ ಬರುತ್ತದೆ. ಅಲ್ಲಿ ಹುಡುಗ ಊರು ಬಿಟ್ಟು ಜಾಸ್ತಿ ಹೊತ್ತಾಗಿಲ್ಲ, ಕಾಗದಕ್ಕೆ ಕಾಯುವುದು ಸಹಜ. ಶೂಬರ್ಟ್‌ನಲ್ಲಿ ಅದು ಹದಿಮೂರನೆಯದು. ಹನ್ನೆರಡನೆಯದಾದ ಒಂಟಿತನದ ಹಾಡು ಮುಗಿದಿದೆ, ಎಲ್ಲ ಮುಗಿದ ಹಾಗೇ ಕಾಣುತ್ತಿದೆ. ಆಗ ಪಿಯಾನೊದಲ್ಲಿ ಗಾಡಿಯವನ ಕಹಳೆ, ಕುದುರೆ ಓಡುವ ಲಯ. ಅವನ ಎದೆ ಕುಣಿಯುತ್ತದೆ. ನಿನಗೆ ಕಾಗದ ಬಂದಿಲ್ಲ, ಯಾಕೆ ಕುಣಿಯುತ್ತೀಯ ಅಂತ ಅವನೇ ಎದೆಯನ್ನು ಕೇಳುತ್ತಾನೆ. ಒಂದಕ್ಷರವೂ ಬದಲಾಗಿಲ್ಲ, ಬದಲಾದದ್ದು ಜಾಗ. ಆರನೆಯದಾಗಿ ಅದು ಕಾಯುವವನ ಆಸೆ. ಹದಿಮೂರನೆಯದಾಗಿ ಕೇಳಿದರೆ ಅವನ ಬುದ್ಧಿ ಹಿಡಿತ ತಪ್ಪುತ್ತಿದೆಯಾ ಅಂತ ಭಯವಾಗುತ್ತದೆ.

ನಿನ್ನ ಹಿರಿಯೂರು ದಾಬಾದ ಕವನದಲ್ಲಿ ಫೋನ್ ರಿಂಗಾಗುತ್ತದೆ, ಕಂಡಕ್ಟರ್ ಓಡಿ ಬರುತ್ತಾನೆ, ನೋಡಿದರೆ ಡ್ರೈವರ್ ಫೋನು. ಊರಿನ ಲೆಕ್ಕಕ್ಕೆ ಅದು 19ನೇ ಜಾಗದಲ್ಲಿದೆ. ಅಲ್ಲೇ ಇರಬೇಕಾ? ಊರಿನ ಹೆಸರು ತೆಗೆದು ಆ ಕವನವನ್ನು 5ರಲ್ಲಿ ಇಟ್ಟು ಓದು, 26ರಲ್ಲಿ ಇಟ್ಟೂ ಓದು. ಜೋರಾಗಿ ಓದಬೇಕು, ಮನಸ್ಸಲ್ಲಿ ಓದಿದರೆ ಗೊತ್ತಾಗಲ್ಲ.

ಎಣಿಕೆ ಕಡಿಮೆಯಾಗುತ್ತದೆ ಅಂತ ಹೆದರಬೇಡ. ಹೈನೆ ಅನ್ನುವ ಕವಿಯ 66 ಕವನಗಳ ಗುಚ್ಛದಿಂದ ಸಂಗೀತಗಾರ ಶೂಮನ್ 1840ರಲ್ಲಿ 20ಕ್ಕೆ ಸ್ವರ ಹಾಕಿದ. ಅಚ್ಚಿಗೆ ಕೊಡುವಾಗ ಅದರಲ್ಲೂ ನಾಲ್ಕು ಬಿಟ್ಟ. ರ‍್ಯೂಕರ್ಟ್ ಅನ್ನುವ ಕವಿ ಎರಡು ಮಕ್ಕಳನ್ನು ಕಳೆದುಕೊಂಡು ಆ ದುಃಖದಲ್ಲಿ ಬರೆದದ್ದು 428 ಕವನ. ಸಂಗೀತಗಾರ ಮಾಹ್ಲರ್ ಸ್ವರ ಹಾಕೋಕೆ ಅದರಿಂದ ಆರಿಸಿಕೊಂಡದ್ದು ಐದೇ ಐದು. ನಿನ್ನ 27ರಲ್ಲಿ ಎಂಟೊಂಬತ್ತು ಹೋಗಬಹುದು ಅಂತ ನನಗನ್ನಿಸುತ್ತದೆ. ಟೋಲ್‌ಗೇಟಿನ ಎರಡು ಕವನ ಒಂದೇ ಮಾತು ಹೇಳುತ್ತಿವೆ. ನಿದ್ದೆ ಮಾಡುವ ಪ್ರಯಾಣಿಕರ ಮೇಲಿನ ಮೂರರಲ್ಲಿ ಒಂದು ಸಾಕು.

ಕೊನೆಯ ಕವನದಲ್ಲಿ ನೀನು ಮೊದಲ ಕವನದ ನಾಲ್ಕು ಸಾಲು ಮತ್ತೆ ತಂದಿದ್ದೀಯ. ಬೆಂಗಳೂರಲ್ಲಿ ಬೆಳಗಾಗುತ್ತದೆ, ಅವನು ಊರಿಗೆ ಹೋಗಿ ಅವಳನ್ನು ಕರೆತರುವ ತೀರ್ಮಾನ ಮಾಡುತ್ತಾನೆ. ಆ ತೀರ್ಮಾನ ಅವನದಲ್ಲ, ನಿನ್ನದು. ಅವನನ್ನು ಅಷ್ಟು ಪ್ರೀತಿಸಿದ್ದೀಯ, ಅದಕ್ಕೇ ಅವನಿಗೆ ಒಳ್ಳೆಯದಾಗಲಿ ಅಂತ ಬಯಸಿದ್ದೀಯ. ನನಗೆ ಅರ್ಥವಾಗುತ್ತದೆ.

‘ವಿಂಟರ್‌ರೈಸೆ’ಯ 24ನೇ ಹಾಡು ಕೇಳು. ಊರಾಚೆ ಒಬ್ಬ ಮುದುಕ ಬರಿಗಾಲಲ್ಲಿ ಮಂಜುಗಡ್ಡೆಯ ಮೇಲೆ ನಿಂತು, ಹಿಡಿ ತಿರುಗಿಸಿ ನುಡಿಸುವ ಒಂದು ವಾದ್ಯ ನುಡಿಸುತ್ತಿದ್ದಾನೆ. ತಟ್ಟೆ ಖಾಲಿ. ಯಾರೂ ಕೇಳುತ್ತಿಲ್ಲ, ನಾಯಿಗಳು ಗುರ್ ಅನ್ನುತ್ತಿವೆ. ಪಿಯಾನೊದ ಎಡಗೈ ಮೊದಲಿಂದ ಕೊನೆವರೆಗೆ ಎರಡೇ ಸ್ವರ ಹಿಡಿದಿರುತ್ತದೆ, ನಮ್ಮ ಷಡ್ಜ ಪಂಚಮ. ತಂಬೂರಿ ಕೇಳಿ ಬೆಳೆದ ನಮಗೆ ಆ ಶ್ರುತಿ ಹೊಸದಲ್ಲ. ಆದರೆ ನಮಗೆ ತಂಬೂರಿ ಅಂದರೆ ಕಾಲೂರಿ ನಿಲ್ಲುವ ನೆಲ, ಅದರ ಮೇಲೆ ಎಷ್ಟು ದೂರ ಬೇಕಾದರೂ ಹೋಗಬಹುದು. ಈ ಹಾಡಲ್ಲಿ ಅದೇ ಸ-ಪ ಎಲ್ಲಿಗೂ ಹೋಗಲು ಬಿಡುವುದಿಲ್ಲ. ಮುದುಕನ ವಾದ್ಯ ಒಂದು ತುಣುಕು ನುಡಿಯುತ್ತದೆ, ಹಾಡುಗಾರ ಒಂದು ಸಾಲು ಹೇಳುತ್ತಾನೆ, ಮತ್ತೆ ವಾದ್ಯ. ಅಷ್ಟು ಹೊತ್ತು ಕಾಗೆ, ಹೊಳೆ, ಗಾಳಿಗಳ ಜೊತೆ ಮಾತಾಡಿದವನು ಮೊದಲ ಸಲ ಎದುರಿಗಿರುವ ಒಬ್ಬ ಮನುಷ್ಯನನ್ನು ಮಾತಾಡಿಸುತ್ತಾನೆ: ಅಜ್ಜಾ, ನಿನ್ನ ಜೊತೆ ಬರಲಾ? ನನ್ನ ಹಾಡಿಗೆ ನುಡಿಸುತ್ತೀಯಾ? ಅಲ್ಲಿಗೆ ಸರಣಿ ಮುಗಿಯುತ್ತದೆ. ಮುದುಕ ಉತ್ತರ ಕೊಡುವುದಿಲ್ಲ. ಆ ಮುದುಕ ಸಾವು ಅನ್ನುವವರಿದ್ದಾರೆ, ಸಂಗೀತವೇ ಅನ್ನುವವರಿದ್ದಾರೆ. ಒಬ್ಬ ಬಡ ಮುದುಕ ಅಂತಲೇ ಅಂದುಕೊಂಡು ಕೇಳಿದಾಗ ನನಗೆ ಹೆಚ್ಚು ತಾಗುತ್ತದೆ.

ಶೂಬರ್ಟ್ ಈ ಹಾಡುಗಳನ್ನು ಗೆಳೆಯರಿಗೆ ಹಾಡಿ ತೋರಿಸಿದಾಗ ಅವರು ಕಂಗಾಲಾದರು ಅಂತ ಅವನ ಗೆಳೆಯ ಸ್ಪೌನ್ ಬರೆದಿದ್ದಾನೆ. ಶೋಬರ್ ಅನ್ನುವ ಇನ್ನೊಬ್ಬ ಗೆಳೆಯನಿಗೆ ಆ ಮರದ ಹಾಡೊಂದೇ ಇಷ್ಟವಾಯಿತಂತೆ. ನನಗೆ ಇವೇ ಎಲ್ಲಕ್ಕಿಂತ ಇಷ್ಟ, ಮುಂದೆ ನಿಮಗೂ ಇಷ್ಟವಾಗುತ್ತವೆ ಅಂದ ಶೂಬರ್ಟ್. 1828ರ ನವೆಂಬರ್‌ನಲ್ಲಿ, 31ನೇ ವಯಸ್ಸಿಗೆ ತೀರಿಕೊಂಡ. ಕೊನೆಯ ದಿನಗಳಲ್ಲೂ ಎರಡನೇ ಭಾಗದ ಕರಡಚ್ಚು ತಿದ್ದುತ್ತಿದ್ದ. ಅದು ಪ್ರಕಟವಾದದ್ದು ಡಿಸೆಂಬರ್ ಕೊನೆಗೆ.

ಕೇಳುವುದಾದರೆ ಒಂದೇ ಕೂತಲ್ಲಿ ಪೂರ್ತಿ ಕೇಳು. ಬಿಡಿ ಹಾಡು ಹುಡುಕಬೇಡ. ಫಿಷರ್-ಡೀಸ್ಕೌ ಹಾಡಿ ಜೆರಾಲ್ಡ್ ಮೂರ್ ಪಿಯಾನೊ ನುಡಿಸಿದ ಧ್ವನಿಮುದ್ರಣ ಸುಲಭವಾಗಿ ಸಿಗುತ್ತದೆ. ಈ ಫಿಷರ್-ಡೀಸ್ಕೌ 1943ರಲ್ಲಿ, 17ರ ಹುಡುಗನಾಗಿ, ಬರ್ಲಿನ್ನಿನಲ್ಲಿ ಇದನ್ನು ಹಾಡುತ್ತಿದ್ದಾಗ ವಿಮಾನ ದಾಳಿಯಾಗಿ ಎಲ್ಲರೂ ನೆಲಮಾಳಿಗೆಗೆ ಇಳಿಯಬೇಕಾಯಿತು. ದಾಳಿ ನಿಂತ ಮೇಲೆ ಮೇಲೆ ಬಂದು ಹಾಡು ಮುಂದುವರಿಸಿದರು. ಆಮೇಲೆ ಫಾಸ್‌ಬೆಂಡರ್ ಹಾಡಿರುವುದನ್ನೂ ಕೇಳು, ಅವರು ಹೆಣ್ಣುಮಗಳು. ಮೊದಲ ಸಲ ಅನುವಾದ ಪಕ್ಕದಲ್ಲಿರಲಿ. ಎರಡನೇ ಸಲ ಬೇಡ. ಒಂದು ಹಾಡು ಮುಗಿದು ಇನ್ನೊಂದು ಶುರುವಾಗುವ ಆ ನಾಲ್ಕೈದು ಕ್ಷಣ ನಿನ್ನ ತಲೆಯಲ್ಲಿ ಏನಾಗುತ್ತದೆ ಅಂತ ಗಮನಿಸು. ನಿನ್ನ ಗದ್ಯ ಕೂತಿರುವುದು ಅದೇ ಜಾಗದಲ್ಲಿ.

ಇಡೀ ಹಸ್ತಪ್ರತಿ ಈಗಲೇ ಮತ್ತೆ ಕಳಿಸಬೇಡ. ಮೊದಲು ಉಳಿಸಿಕೊಂಡ ಕವನಗಳ ಹೆಸರನ್ನಷ್ಟೇ ಹೊಸ ಕ್ರಮದಲ್ಲಿ ಒಂದು ಹಾಳೆಯಲ್ಲಿ ಬರೆದು ಕಳಿಸು. ದಾಬಾದ ಕವನ ಎಲ್ಲಿಟ್ಟೆ ಅಂತ ಮೊದಲು ನೋಡುತ್ತೇನೆ. ಚಿಲ್ಲರೆ ಕವನದ ಒಂದಕ್ಷರವನ್ನೂ ಮುಟ್ಟಬೇಡ.

ಪ್ರೀತಿಯಿಂದ,
ಅಕ್ಕ