ಹೊರಟು ನಿಂತ ಮಗಳ ಸಂಕಟ

ಮಾನ್ಯ ಸಂಪಾದಕರೇ,

ಕುಮಟಾ ಸಮೀಪದ ನಮ್ಮ ಊರಿನಲ್ಲಿ ನರ್ಸಿಂಗ್ ಪದವಿ ಮುಗಿಸಿ, ಜರ್ಮನ್ ಭಾಷೆಯ ಬಿ-2 ಹಂತದ ಪರೀಕ್ಷೆಯನ್ನೂ ಪಾಸು ಮಾಡಿದ ಯುವತಿಯೊಬ್ಬಳಿಗೆ ಜರ್ಮನಿಯ ಆಸ್ಪತ್ರೆಯೊಂದರಿಂದ ನೇಮಕಾತಿ ಪತ್ರ ಬಂದಿದೆ. ಆಕೆ ಇನ್ನೂ ಸಹಿ ಹಾಕಿಲ್ಲ. ತಾಯಿಗೆ ಹೃದಯದ ಕಾಯಿಲೆಯಿದ್ದು, ಬೆಳಿಗ್ಗೆ ಮತ್ತು ರಾತ್ರಿಯ ಮಾತ್ರೆಗಳನ್ನು ಬೇರೆ ಬೇರೆ ಡಬ್ಬಿಗಳಲ್ಲಿ ತುಂಬಿಡುವುದರಿಂದ ಹಿಡಿದು ತಪಾಸಣೆಗೆಂದು ಮಣಿಪಾಲಕ್ಕೆ ಕರೆದೊಯ್ಯುವವರೆಗೆ ಎಲ್ಲವನ್ನೂ ಆಕೆಯೇ ನೋಡಿಕೊಳ್ಳುತ್ತಿದ್ದಾಳೆ. 'ಅಮ್ಮನನ್ನು ಬಿಟ್ಟು ಹೋಗುತ್ತೀಯಾ?' ಎಂದು ಊರೆಲ್ಲ ಆಕೆಯನ್ನು ಕೇಳುತ್ತದೆ. ಬೆಂಗಳೂರಿನಲ್ಲಿ ನೆಲೆಸಿರುವ ಅಣ್ಣನನ್ನು ಯಾರೂ ಹಾಗೆ ಕೇಳಿದ್ದನ್ನು ನಾನು ಕಂಡಿಲ್ಲ.

ಪಾಲಕರ ಮತ್ತು ಹಿರಿಯ ನಾಗರಿಕರ ಪೋಷಣೆಗೆಂದು 2007ರಲ್ಲಿ ಬಂದ ಕಾಯ್ದೆಯು ಈ ಹೊಣೆಯನ್ನು ಮಗ, ಮಗಳು ಇಬ್ಬರ ಮೇಲೂ ಹೊರಿಸಿದೆ. 2005ರ ತಿದ್ದುಪಡಿಯ ನಂತರ ಹಿಂದೂ ಕುಟುಂಬದ ಪಿತ್ರಾರ್ಜಿತ ಆಸ್ತಿಯಲ್ಲಿ ಮಗಳಿಗೂ ಸಮಪಾಲಿದೆ, ಆದರೆ ನಮ್ಮ ಮನೆಗಳಲ್ಲಿ ಆಕೆಗೆ ತಕರಾರಿಲ್ಲದೆ ಸಿಗುವುದು ಶುಶ್ರೂಷೆಯ ಪಾಲು ಮಾತ್ರ.

ಇದು ಒಂದು ಮನೆಯ ಸಮಸ್ಯೆಯಷ್ಟೇ ಅಲ್ಲ. ನಮ್ಮ ಉತ್ತರ ಕನ್ನಡ ಜಿಲ್ಲೆಗೆ ಸೂಪರ್ ಸ್ಪೆಷಾಲಿಟಿ ಆಸ್ಪತ್ರೆ ಬೇಕೆಂದು 2022ರಲ್ಲಿ ಜನರು ದೊಡ್ಡ ದನಿಯಲ್ಲಿ ಕೇಳಿದ್ದರು. ಗಂಭೀರ ಕಾಯಿಲೆಗೆ ಮಣಿಪಾಲ, ಮಂಗಳೂರು, ಹುಬ್ಬಳ್ಳಿಗೆ ಓಡಬೇಕಾದಾಗಲೆಲ್ಲ ಜೊತೆಗೆ ಹೋಗಲು ಮನೆಯಲ್ಲೊಬ್ಬರು ಉಳಿಯಲೇಬೇಕಾಗುತ್ತದೆ. ಜನಪ್ರತಿನಿಧಿಗಳು ಆ ಬೇಡಿಕೆಯನ್ನು ಪೂರೈಸಲಿ. ಸದ್ಯಕ್ಕೆ ಮಣಿಪಾಲದ ಓಡಾಟವನ್ನು ಆ ಅಣ್ಣ ವಹಿಸಿಕೊಂಡು, ತಂಗಿಯು ನಿರಾಳವಾಗಿ ಸಹಿ ಹಾಕಲು ಅನುವು ಮಾಡಿಕೊಡಲಿ ಎಂಬುದು ನನ್ನ ಕಳಕಳಿಯ ವಿನಂತಿ.

– ಓದುಗರೊಬ್ಬರು, ಕುಮಟಾ