ನಮ್ಮ ಮಕ್ಕಳ ಹೆಸರು ಹೇಳಿ ಮುಚ್ಚಿದ ಬಾಗಿಲು: ಮಿಷಿಗನ್‌ನ ಜನಪ್ರತಿನಿಧಿಗೊಂದು ಬಹಿರಂಗ ಪತ್ರ

ಅಮೆರಿಕದ ಪ್ರತಿನಿಧಿ ಸಭೆಯಲ್ಲಿ ಮಿಷಿಗನ್ ರಾಜ್ಯದ ನಮ್ಮ ಕ್ಷೇತ್ರವನ್ನು ಪ್ರತಿನಿಧಿಸುತ್ತಿರುವ ಮಾನ್ಯ ಸದಸ್ಯರಿಗೆ,

ಗೌರವಪೂರ್ವಕ ವಂದನೆಗಳು.

ಕಾಲೇಜು ಪ್ರವೇಶದಲ್ಲಿ ಅರ್ಜಿದಾರರ ಜನಾಂಗವನ್ನು ಗಮನಿಸುವ ಪದ್ಧತಿ ರದ್ದಾದ ವಿಷಯವಾಗಿ ತಮ್ಮ ಕಚೇರಿಗೆ ಇಂಗ್ಲಿಷಿನಲ್ಲಿ ಒಂದು ಮನವಿಯನ್ನು ಈಗಾಗಲೇ ಕಳುಹಿಸಿದ್ದೇನೆ. ಅದರಲ್ಲಿ ಹೇಳದೆ ಉಳಿದದ್ದನ್ನು ಕನ್ನಡದಲ್ಲಿ, ಎಲ್ಲರೂ ಓದುವಂತೆ ಬರೆಯುತ್ತಿದ್ದೇನೆ. ಏಕೆಂದರೆ ನನ್ನ ತಕರಾರು ಅರ್ಧದಷ್ಟು ತಮ್ಮೊಂದಿಗಾದರೆ, ಇನ್ನರ್ಧ ಈ ಕ್ಷೇತ್ರದಲ್ಲಿ ನೆಲೆಯೂರಿರುವ, ಮನೆಯಲ್ಲಿ ಕನ್ನಡವಾಡುವ ನನ್ನವರೊಂದಿಗೇ ಇದೆ. 2023ರ ಜೂನ್ 29ರಂದು ಇಲ್ಲಿನ ಸುಪ್ರೀಂ ಕೋರ್ಟು ಹಾರ್ವರ್ಡ್ ಮತ್ತು ನಾರ್ತ್ ಕೆರೊಲಿನಾ ವಿಶ್ವವಿದ್ಯಾಲಯಗಳ ಇಂಥ ಪ್ರವೇಶ ಪದ್ಧತಿಯು ಸಂವಿಧಾನದ ಸಮಾನ ರಕ್ಷಣೆಯ ತತ್ವಕ್ಕೆ ವಿರುದ್ಧವೆಂದು ತೀರ್ಪಿತ್ತ ದಿನ ನನ್ನ ಫೋನಿಗೆ ಅಭಿನಂದನೆಯ ಸಂದೇಶಗಳು ಬಂದವು. ಮಗಳು ಆಗ ಹೈಸ್ಕೂಲಿನ ಕೊನೆಯ ವರ್ಷಕ್ಕೆ ಕಾಲಿಡುವುದರಲ್ಲಿದ್ದಳು. ಏಷ್ಯನ್ ವಿದ್ಯಾರ್ಥಿಗಳಿಗೆ ಅನ್ಯಾಯವಾಗುತ್ತಿದೆಯೆಂಬುದು ಮೊಕದ್ದಮೆ ಹೂಡಿದವರ ವಾದವಾಗಿತ್ತು. ಆ 'ಏಷ್ಯನ್' ಎಂಬ ಮಾತಿನೊಳಗೆ ನಮ್ಮ ಮಕ್ಕಳೂ ಸೇರಿದ್ದರು. ಗೆದ್ದವರು ನಾವೇ ಎಂಬ ಸಂಭ್ರಮ ಪರಿಚಿತರಲ್ಲೆಲ್ಲ ಹರಡಿತ್ತು. ನಾವು ಗೆದ್ದದ್ದು ಏನನ್ನು ಎಂಬುದು ಮಾತ್ರ ನನಗೆ ಅಂದೂ ಅರ್ಥವಾಗಲಿಲ್ಲ, ಇಂದೂ ಅರ್ಥವಾಗಿಲ್ಲ.

ನಮ್ಮವರಲ್ಲಿ ಅನೇಕರು ಅಫರ್ಮೇಟಿವ್ ಆಕ್ಷನ್ ಎಂಬ ಇಲ್ಲಿನ ಈ ಪದ್ಧತಿಯನ್ನು ಊರಿನ ಮೀಸಲಾತಿಯೆಂದೇ ತಿಳಿದಿದ್ದಾರೆ. ಇಂತಿಷ್ಟು ಸೀಟುಗಳನ್ನು ಒಂದು ಜನಾಂಗಕ್ಕೆ ಕಾದಿರಿಸುವುದನ್ನು ಸುಪ್ರೀಂ ಕೋರ್ಟು 1978ರಲ್ಲಿ ಅಲನ್ ಬಾಕಿ (Bakke) ಎಂಬ ಅರ್ಜಿದಾರನ ಪ್ರಕರಣದಲ್ಲೇ ನಿಷೇಧಿಸಿತ್ತು. ಆಮೇಲೆ ಉಳಿದದ್ದು, ಅರ್ಜಿದಾರನ ಜನಾಂಗವನ್ನೂ ಹತ್ತಾರು ಅಂಶಗಳಲ್ಲಿ ಒಂದಾಗಿ ಗಮನಿಸಬಹುದೆಂಬ ಅನುಮತಿ ಮಾತ್ರ. 2023ರಲ್ಲಿ ಹೋದದ್ದು ಅಷ್ಟು. ಒಬ್ಬ ವಿದ್ಯಾರ್ಥಿ ತನ್ನ ಪ್ರಬಂಧದಲ್ಲಿ ಜನಾಂಗದಿಂದಾಗಿ ತಾನು ಅನುಭವಿಸಿದ್ದನ್ನು ಬರೆದರೆ ಅದನ್ನು ಪರಿಗಣಿಸಬಹುದೆಂದು ಮುಖ್ಯ ನ್ಯಾಯಮೂರ್ತಿ ರಾಬರ್ಟ್ಸ್ ಅವರ ತೀರ್ಪಿನಲ್ಲಿಯೇ ಇದೆ. ಎಂದರೆ ಹದಿನೇಳು ವರ್ಷದ ಹುಡುಗನೊಬ್ಬ ತನಗಾದ ಅವಮಾನವನ್ನು ಚೆನ್ನಾಗಿ ಬರೆಯಬಲ್ಲವನಾಗಿದ್ದರೆ ಅದಕ್ಕೆ ಬೆಲೆಯುಂಟು, ಬರೆಯಲು ಬಾರದವನಾಗಿದ್ದರೆ ಇಲ್ಲ.

ಈ ವ್ಯಾಜ್ಯದ ಹಳೆಯ ಅಧ್ಯಾಯ ನಮ್ಮ ರಾಜ್ಯದ್ದೇ ಎಂಬುದು ತಮಗೆ ತಿಳಿಯದ್ದಲ್ಲ. ಮಿಷಿಗನ್ ವಿಶ್ವವಿದ್ಯಾಲಯ ಪದವಿ ಪ್ರವೇಶಕ್ಕೆ 150 ಅಂಕಗಳ ಪಟ್ಟಿಯೊಂದನ್ನು ಇಟ್ಟುಕೊಂಡಿತ್ತು. ಕಪ್ಪು, ಹಿಸ್ಪಾನಿಕ್ ಮತ್ತು ಮೂಲನಿವಾಸಿ ಅರ್ಜಿದಾರರಿಗೆ ಅದರಲ್ಲಿ 20 ಅಂಕಗಳು ಸಿಗುತ್ತಿದ್ದವು. 2003ರಲ್ಲಿ ಗ್ರಾಟ್ಜ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಆ ಪಟ್ಟಿಯನ್ನು ರದ್ದುಗೊಳಿಸಿದ್ದು ಆ 20 ಅಂಕಗಳಿಗಾಗಿ. ಅದೇ ಪಟ್ಟಿಯಲ್ಲಿ ಹಳೆಯ ವಿದ್ಯಾರ್ಥಿಗಳ ಮಕ್ಕಳಿಗೆ 4 ಅಂಕಗಳಿದ್ದವು. ಕ್ರೀಡಾಪಟುಗಳಿಗೆ 20 ಇದ್ದವು. ಬಹುಪಾಲು ಬಿಳಿಯರೇ ವಾಸಿಸುವ, ರಾಜ್ಯದ ಉತ್ತರ ಭಾಗದ ಮೇಲ್ದ್ವೀಪಕಲ್ಪದಿಂದ ಬಂದವರಿಗೂ ಹೆಚ್ಚುವರಿ ಅಂಕಗಳಿದ್ದವು. ತನಗಿಂತ ಕಡಿಮೆ ಅರ್ಹತೆಯವನು ಈ ಕೊನೆಯ ಮೂರು ಬಗೆಯ ಅಂಕಗಳ ಬಲದಿಂದ ಒಳಹೊಕ್ಕನೆಂದು ದೂರಿಕೊಂಡು ಸುಪ್ರೀಂ ಕೋರ್ಟಿನವರೆಗೆ ಹೋದವರು ಒಬ್ಬರೂ ಇಲ್ಲ. ಈ ಪತ್ರ ಓದುವವರು ಇದೊಂದನ್ನು ನೆನಪಿಟ್ಟುಕೊಂಡರೆ ನನಗೆ ಸಾಕು.

ಮೂರು ವರ್ಷಗಳ ಬಳಿಕ, 2006ರ ನವೆಂಬರಿನಲ್ಲಿ, ರಾಜ್ಯದ ಜನರ ಮತಕ್ಕೆ ಬಂದ 'ಎರಡನೆಯ ಪ್ರಸ್ತಾವ'ಕ್ಕೆ ಶೇಕಡಾ 58ರಷ್ಟು ಮತದಾರರು ಒಪ್ಪಿಗೆ ಕೊಟ್ಟು ಸಾರ್ವಜನಿಕ ವಿಶ್ವವಿದ್ಯಾಲಯಗಳಲ್ಲಿ ಜನಾಂಗವನ್ನು ಪರಿಗಣಿಸುವುದನ್ನೇ ನಿಲ್ಲಿಸಿದರು. ಇಡೀ ದೇಶ 2023ರಲ್ಲಿ ತಲುಪಿದ ಸ್ಥಳವನ್ನು ನಾವು ಹದಿನೇಳು ವರ್ಷ ಮೊದಲೇ ತಲುಪಿದ್ದೆವು. ಆದ್ದರಿಂದ ಮುಂದೇನಾಗುತ್ತದೆಂದು ಊಹಿಸುವ ಅಗತ್ಯ ನಮಗಿಲ್ಲ. ವಿಶ್ವವಿದ್ಯಾಲಯವೇ ಸುಪ್ರೀಂ ಕೋರ್ಟಿಗೆ ಸಲ್ಲಿಸಿದ ಹೇಳಿಕೆಯ ಪ್ರಕಾರ, 2006ರಲ್ಲಿ ಪದವಿ ವಿದ್ಯಾರ್ಥಿಗಳಲ್ಲಿ ಸುಮಾರು ಶೇಕಡಾ 7ರಷ್ಟಿದ್ದ ಕಪ್ಪು ವಿದ್ಯಾರ್ಥಿಗಳ ಪ್ರಮಾಣ 2021ರ ಹೊತ್ತಿಗೆ ಸುಮಾರು ಶೇಕಡಾ 4ಕ್ಕೆ ಇಳಿಯಿತು. ಅದೇ ಅವಧಿಯಲ್ಲಿ ರಾಜ್ಯದ ಕಾಲೇಜು ವಯಸ್ಸಿನವರಲ್ಲಿ ಕಪ್ಪು ಜನರ ಪಾಲು ಶೇಕಡಾ 16ರಿಂದ 19ಕ್ಕೆ ಏರಿತ್ತು. ವಿಶ್ವವಿದ್ಯಾಲಯ ಕೈಕಟ್ಟಿ ಕೂತಿರಲಿಲ್ಲ; ಬಡ ಕುಟುಂಬಗಳ ಮಕ್ಕಳಿಗೆ ಶುಲ್ಕವಿಲ್ಲದ ಪ್ರವೇಶ, ಹಿಂದುಳಿದ ಶಾಲೆಗಳಿಗೆ ಹೋಗಿ ವಿದ್ಯಾರ್ಥಿಗಳನ್ನು ಹುಡುಕುವುದು, ಹೀಗೆ ಜನಾಂಗದ ಹೆಸರೆತ್ತದ ದಾರಿಗಳನ್ನೆಲ್ಲ ಹಿಡಿದು ನೋಡಿತ್ತು. ಕಪ್ಪು ಜನರೇ ಹೆಚ್ಚಿರುವ ಡೆಟ್ರಾಯ್ಟ್‌ನಿಂದ ಈ ವಿಶ್ವವಿದ್ಯಾಲಯವಿರುವ ಆ್ಯನ್ ಆರ್ಬರ್‌ಗೆ ಕಾರಿನಲ್ಲಿ ಒಂದು ಗಂಟೆಯ ದಾರಿಯೂ ಅಲ್ಲ. ನಗರದ ಮಕ್ಕಳಿಗೆ ಮಾತ್ರ ಅದು ಬಹುದೂರವಾಗಿಯೇ ಉಳಿಯಿತು.

ತೀರ್ಪಿನ ನಂತರ, 2024ರಲ್ಲಿ ಹೊಸ ಅಂಕಿಗಳು ಬಂದಾಗ ಎಂಐಟಿಯ ಮೊದಲ ವರ್ಷದ ತರಗತಿಯಲ್ಲಿ ಕಪ್ಪು ವಿದ್ಯಾರ್ಥಿಗಳು ಹಿಂದಿನ ಸರಾಸರಿ ಶೇಕಡಾ 13ರಿಂದ 5ಕ್ಕೆ ಕುಸಿದಿದ್ದರು. ಯೇಲ್ ಮತ್ತು ಪ್ರಿನ್ಸ್‌ಟನ್‌ಗಳಲ್ಲಿ ಹೆಚ್ಚಿನ ವ್ಯತ್ಯಾಸ ಕಾಣಲಿಲ್ಲವೆಂಬುದನ್ನೂ ಪ್ರಾಮಾಣಿಕವಾಗಿ ಹೇಳಬೇಕು. ಒಂದು ವರ್ಷದ ಅಂಕಿಯಿಂದ ಎಲ್ಲವನ್ನೂ ತೀರ್ಮಾನಿಸುವವನು ನಾನಲ್ಲ. ಮಿಷಿಗನ್‌ನ ಹದಿನೈದು ವರ್ಷಗಳ ಅಂಕಿಗೆ ಮಾತ್ರ ನನ್ನಲ್ಲಿ ಬೇರೆ ವಿವರಣೆಯಿಲ್ಲ.

ಈಗ ಮುಚ್ಚದ ಬಾಗಿಲಿನ ಮಾತು. ಹಾರ್ವರ್ಡ್ ಮೊಕದ್ದಮೆಯಲ್ಲಿ ಫಿರ್ಯಾದಿಗಳ ಪರವಾಗಿ ಸಾಕ್ಷಿ ನುಡಿದ ಅರ್ಥಶಾಸ್ತ್ರಜ್ಞ ಪೀಟರ್ ಆರ್ಸಿಡಿಯಾಕೊನೊ, ಅದೇ ದಾಖಲೆಗಳನ್ನು ಆಧರಿಸಿ ಸಹೋದ್ಯೋಗಿಗಳೊಂದಿಗೆ 2019ರಲ್ಲಿ ಇನ್ನೊಂದು ಅಧ್ಯಯನ ನಡೆಸಿದರು. ಪ್ರವೇಶ ಪಡೆದ ಬಿಳಿಯ ವಿದ್ಯಾರ್ಥಿಗಳಲ್ಲಿ ಶೇಕಡಾ 43ಕ್ಕೂ ಹೆಚ್ಚು ಮಂದಿ ಕ್ರೀಡೆಗಾಗಿ ಆಯ್ಕೆಯಾದವರು, ಹಳೆಯ ವಿದ್ಯಾರ್ಥಿಗಳ ಮಕ್ಕಳು, ಬೋಧಕ ಸಿಬ್ಬಂದಿಯ ಮಕ್ಕಳು, ಇಲ್ಲವೇ ಡೀನರ ವಿಶೇಷ ಪಟ್ಟಿಯಲ್ಲಿದ್ದವರು. ಆ ಪಟ್ಟಿಯಲ್ಲಿ ದಾನಿಗಳ ಮಕ್ಕಳೂ ಇರುತ್ತಾರೆ. ಕಪ್ಪು, ಹಿಸ್ಪಾನಿಕ್ ಮತ್ತು ಏಷ್ಯನ್ ವಿದ್ಯಾರ್ಥಿಗಳಲ್ಲಿ ಈ ಪ್ರಮಾಣ ಶೇಕಡಾ 16ನ್ನೂ ಮುಟ್ಟುವುದಿಲ್ಲ. ನಮ್ಮ ಮಕ್ಕಳ ಸೀಟು ಎಲ್ಲಿ ಹೋಯಿತೆಂದು ಕೇಳುವವರು ಮೊದಲು ನೋಡಬೇಕಾಗಿದ್ದದ್ದು ಈ ಕಡೆಗೆ. ಹಳೆಯ ವಿದ್ಯಾರ್ಥಿಗಳ ಮಕ್ಕಳಿಗೆ ಕೊಡುವ, ಲೆಗಸಿ ಎಂಬ ಆದ್ಯತೆ 1920ರ ದಶಕದಲ್ಲಿ, ಪರೀಕ್ಷೆಯಲ್ಲಿ ಮುಂದಿದ್ದ ಯಹೂದಿ ವಿದ್ಯಾರ್ಥಿಗಳ ಸಂಖ್ಯೆಯನ್ನು ತಗ್ಗಿಸುವ ಉಪಾಯಗಳ ಜೊತೆಜೊತೆಗೇ ಬೇರೂರಿತು. 2023ರ ತೀರ್ಪಿನಲ್ಲಿ ಬಹುಮತದ ಜೊತೆಗಿದ್ದ ನ್ಯಾಯಮೂರ್ತಿ ಗಾರ್ಸಚ್ ಅವರೇ ಹಾರ್ವರ್ಡ್‌ನ ಈ ಆದ್ಯತೆಗಳ ಬಗ್ಗೆ ಚುಚ್ಚಿ ಬರೆದಿದ್ದಾರೆ. ಆದರೂ ನ್ಯಾಯಾಲಯದ ಮುಂದಿದ್ದದ್ದು ಆ ಪ್ರಶ್ನೆಯಲ್ಲವಾದ್ದರಿಂದ ಅಜ್ಜ ಓದಿದ ಕಾಲೇಜಿಗೆ ಮೊಮ್ಮಗನ ಹಾದಿ ಸಲೀಸಾಗಿಯೇ ಉಳಿಯಿತು.

ನನ್ನವರೊಂದಿಗಿನ ತಕರಾರನ್ನು ಇಲ್ಲಿ ಹೇಳಿಬಿಡುತ್ತೇನೆ. 1923ರಲ್ಲಿ ಇದೇ ಸುಪ್ರೀಂ ಕೋರ್ಟು, ಅಮೆರಿಕದ ಸೇನೆಯಲ್ಲಿ ಸೇವೆ ಸಲ್ಲಿಸಿದ್ದ ಭಗತ್ ಸಿಂಗ್ ಥಿಂದ್ ಅವರಿಗೆ, ನೀವು ಬಿಳಿಯರಲ್ಲ, ಆದ್ದರಿಂದ ಪೌರರಾಗಲಾರಿರಿ ಎಂದಿತ್ತು. ನಮ್ಮಂಥವರು ಇಲ್ಲಿಗೆ ದೊಡ್ಡ ಸಂಖ್ಯೆಯಲ್ಲಿ ಬರುವಂತಾದದ್ದು 1965ರ ವಲಸೆ ಕಾಯ್ದೆಯಿಂದ, ಮತ್ತು ಆ ಕಾಯ್ದೆಗೆ ನೆಲ ಹದಮಾಡಿದ್ದು ಕಪ್ಪು ಜನರ ನಾಗರಿಕ ಹಕ್ಕುಗಳ ಹೋರಾಟ. ಬಂದವರಾದರೂ ಯಾರು? ಸರ್ಕಾರದ ಖರ್ಚಿನ ಕಾಲೇಜುಗಳಲ್ಲಿ ಎಂಜಿನಿಯರಿಂಗ್, ವೈದ್ಯಕೀಯ ಓದಿ, ವೀಸಾದ ಜರಡಿಯಲ್ಲಿ ಸೋಸಿ ಬಂದವರು. ಅಂಥವರ ಮಕ್ಕಳ ಅಂಕಪಟ್ಟಿಯನ್ನು ತಲೆಮಾರುಗಳ ಕಾಲ ಒಳ್ಳೆಯ ಬಡಾವಣೆಯ ಮನೆಯಿಂದಲೂ ಬ್ಯಾಂಕಿನ ಸಾಲದಿಂದಲೂ ದೂರವಿಡಲ್ಪಟ್ಟವರ ಮಕ್ಕಳ ಅಂಕಪಟ್ಟಿಯೊಂದಿಗೆ ಅಕ್ಕಪಕ್ಕ ಹಿಡಿದು, ಇದೇ ಮೆರಿಟ್ ಎನ್ನುವುದು ನನ್ನಿಂದಾಗದು. 1918ರಲ್ಲಿ ನಾಲ್ವಡಿ ಕೃಷ್ಣರಾಜ ಒಡೆಯರು ಹಿಂದುಳಿದವರಿಗೆ ಸರ್ಕಾರಿ ಹುದ್ದೆಗಳಲ್ಲಿ ಸಿಗಬೇಕಾದ ಪಾಲಿನ ವಿಚಾರವಾಗಿ ಮಿಲ್ಲರ್ ಸಮಿತಿಯನ್ನು ನೇಮಿಸಿದಾಗ ಅರ್ಹತೆ ಹಾಳಾಗುತ್ತದೆಂಬ ಕೂಗು ಮೈಸೂರಿನಲ್ಲೂ ಎದ್ದಿತ್ತು. ಆ ಕೂಗನ್ನು ಕೇಳಿಸಿಕೊಂಡೂ ಮಹಾರಾಜರು ಮುಂದುವರಿದರು. ಆ ಇತಿಹಾಸವನ್ನು ಹೆಮ್ಮೆಯಿಂದ ಹೇಳಿಕೊಳ್ಳುವ ಕನ್ನಡಿಗರು ಮಿಷಿಗನ್‌ಗೆ ಬಂದೊಡನೆ ಆ ಕೂಗನ್ನೇ ತಮ್ಮದಾಗಿಸಿಕೊಳ್ಳುವುದು ನನಗೆ ಸೋಜಿಗ.

ಕೊನೆಯದಾಗಿ ಹಣದ ವಿಷಯ. 1890ರ ಮಾರಿಲ್ ಕಾಯ್ದೆಯಿಂದ ಕಪ್ಪು ವಿದ್ಯಾರ್ಥಿಗಳಿಗಾಗಿ ನೆಲೆಗೊಂಡ ವಿಶ್ವವಿದ್ಯಾಲಯಗಳಿಗೆ ರಾಜ್ಯಗಳು ಸಮನಾದ ಅನುದಾನ ಕೊಡಬೇಕಿತ್ತು. ಕೊಡಲಿಲ್ಲ. 2023ರ ಸೆಪ್ಟೆಂಬರಿನಲ್ಲಿ ಶಿಕ್ಷಣ ಮತ್ತು ಕೃಷಿ ಕಾರ್ಯದರ್ಶಿಗಳು 16 ರಾಜ್ಯಗಳ ಗವರ್ನರುಗಳಿಗೆ ಬರೆದ ಪತ್ರಗಳ ಪ್ರಕಾರ, ಮೂರು ದಶಕಗಳಲ್ಲಿ ಹೀಗೆ ಕೈತಪ್ಪಿದ ಮೊತ್ತ 12 ಶತಕೋಟಿ ಡಾಲರಿಗೂ ಹೆಚ್ಚು. ಟೆನೆಸೀ ಸ್ಟೇಟ್ ವಿಶ್ವವಿದ್ಯಾಲಯವೊಂದಕ್ಕೇ 2 ಶತಕೋಟಿಗೂ ಮೀರಿ. ಮಿಷಿಗನ್ ಆ 16ರಲ್ಲಿಲ್ಲ, ಆದರೆ ಕೇಂದ್ರದ ಅನುದಾನಕ್ಕೆ ಮತ ಹಾಕುವವರಲ್ಲಿ ತಾವೂ ಒಬ್ಬರು.

ತಮ್ಮಲ್ಲಿ ನನ್ನ ಕೋರಿಕೆ ಇಷ್ಟು. ಕೊಲರಾಡೊ 2021ರಲ್ಲಿ ತನ್ನ ಸಾರ್ವಜನಿಕ ಕಾಲೇಜುಗಳಲ್ಲಿ ಲೆಗಸಿ ಆದ್ಯತೆಯನ್ನು ನಿಷೇಧಿಸಿತು; 2024ರಲ್ಲಿ ವರ್ಜೀನಿಯಾ, ಮೇರಿಲ್ಯಾಂಡ್, ಇಲಿನಾಯ್ ಮತ್ತು ಕ್ಯಾಲಿಫೋರ್ನಿಯಾ ಒಂದೊಂದು ರೀತಿಯಲ್ಲಿ ಅದೇ ದಾರಿ ಹಿಡಿದವು. 2023ರಲ್ಲಿ ಡೆಮಾಕ್ರಟ್ ಟಿಮ್ ಕೇನ್ ಮತ್ತು ರಿಪಬ್ಲಿಕನ್ ಟಾಡ್ ಯಂಗ್ ಸೆನೆಟ್‌ನಲ್ಲಿ ಇದಕ್ಕಾಗಿಯೇ ಒಂದು ಮಸೂದೆಯನ್ನು ಜೊತೆಯಾಗಿ ಮಂಡಿಸಿದ್ದರು, ಅದು ಕಾಯ್ದೆಯಾಗಲಿಲ್ಲ. ಕೇಂದ್ರದ ವಿದ್ಯಾರ್ಥಿ ನೆರವನ್ನು ಪಡೆಯುವ ಯಾವ ಕಾಲೇಜೂ ಹಳೆಯ ವಿದ್ಯಾರ್ಥಿಗಳ ಮತ್ತು ದಾನಿಗಳ ಮಕ್ಕಳಿಗೆ ಆದ್ಯತೆ ಕೊಡದಂತೆ ಮಾಡುವ ಮಸೂದೆಯನ್ನು ಪ್ರತಿನಿಧಿ ಸಭೆಯಲ್ಲಿ ತಾವು ಮಂಡಿಸಬೇಕು, ಇಲ್ಲವೇ ಮಂಡಿಸುವವರ ಜೊತೆ ಸಹಿ ಹಾಕಬೇಕು. ಪ್ರವೇಶ ಪಡೆದವರಲ್ಲಿ ಲೆಗಸಿಯವರೆಷ್ಟು, ದಾನಿಗಳ ಮಕ್ಕಳೆಷ್ಟು ಎಂಬ ಲೆಕ್ಕವನ್ನು ಪ್ರತಿ ಕಾಲೇಜೂ ವರ್ಷ ವರ್ಷ ಪ್ರಕಟಿಸುವಂತಾಗಬೇಕು. ಮತ್ತು ಮುಂದಿನ ಸಲ ನಮ್ಮ ಸಮುದಾಯದ ಸಭೆಗೆ ಬಂದಾಗ ಏಷ್ಯನ್ ಮಕ್ಕಳಿಗೆ ಕೊನೆಗೂ ನ್ಯಾಯ ಸಿಕ್ಕಿತೆಂದು ಚಪ್ಪಾಳೆ ಗಿಟ್ಟಿಸುವ ಬದಲು, ಈ ಎರಡು ವಿಷಯಗಳಲ್ಲಿ ತಮ್ಮ ಮತ ಯಾವ ಕಡೆಗೆಂದು ಹೇಳಬೇಕು. ಚಪ್ಪಾಳೆ ಕಡಿಮೆಯಾದೀತು. ನಾನಂತೂ ಮುಂದಿನ ಸಾಲಿನಲ್ಲೇ ಕೂತಿರುತ್ತೇನೆ.

ತಮ್ಮ ಉತ್ತರದ ನಿರೀಕ್ಷೆಯಲ್ಲಿ,

ತಮ್ಮ ಕ್ಷೇತ್ರದ ಒಬ್ಬ ಕನ್ನಡಿಗ ಮತದಾರ