ಶುಕ್ರವಾರದ ಗಣಿತ ಕಿರುಪರೀಕ್ಷೆ: ಏಕಮಾನ ದರ

ಪೋಷಕರೆಲ್ಲರಿಗೂ ನಮಸ್ಕಾರ. 7ನೇ ತರಗತಿಯ ಮಕ್ಕಳಿಗೆ ಶುಕ್ರವಾರ ಏಕಮಾನ ದರದ (ಅಂದರೆ ‘ಒಂದಕ್ಕೆ ಎಷ್ಟು’ ಎಂಬ ಲೆಕ್ಕದ) ಕಿರುಪರೀಕ್ಷೆ ಇದೆ. ಭಾಗಾಕಾರ ಎಲ್ಲರಿಗೂ ಬರುತ್ತದೆ. ಯಾವುದನ್ನು ಯಾವುದರಿಂದ ಭಾಗಿಸಬೇಕು ಎಂಬಲ್ಲಿಯೇ ತೊಡಕು.

ನಲ್ಲಿಯಿಂದ 6 ನಿಮಿಷದಲ್ಲಿ 84 ಲೀಟರ್ ನೀರು ಬಂದರೆ 10 ನಿಮಿಷದಲ್ಲಿ ಎಷ್ಟು? 4 ನಿಮಿಷ ಹೆಚ್ಚಾಯಿತೆಂದು 4 ಕೂಡಿಸಿ 88 ಎಂದು ಬರೆದವರು ಹಲವರು. (ಪಾಪ, ಅವರ ನಲ್ಲಿ ಕೊನೆಗೆ ನಿಮಿಷಕ್ಕೆ ಒಂದೇ ಲೀಟರ್ ಸುರಿಸುತ್ತದೆ!) ಮೊದಲು ‘ಒಂದು ನಿಮಿಷಕ್ಕೆ ಎಷ್ಟು?’ ಎಂದು ಕೇಳಿ. 84ನ್ನು 6ರಿಂದ ಭಾಗಿಸಿದರೆ 14 ಲೀಟರ್. ಅದನ್ನು 10ರಿಂದ ಗುಣಿಸಿದರೆ 140. ಉತ್ತರದ ಜೊತೆ ‘ಲೀಟರ್’ ಎಂದು ಬರೆಸುವುದನ್ನು ಮರೆಯಬೇಡಿ.

ಗುರುವಾರ ಸಂಜೆ 6ರೊಳಗೆ ಮಕ್ಕಳು ತಾವೇ ಬಿಡಿಸಿದ ಒಂದು ಲೆಕ್ಕದ ಫೋಟೊ ಇಲ್ಲಿ ಹಾಕಿ. ತಪ್ಪಿದ್ದರೂ ಸರಿ, ದಯವಿಟ್ಟು ನೀವು ತಿದ್ದಬೇಡಿ.